ಒಂದೇ ಸೀಸನ್ ಮಿಂಚಿದ ಪಿಚರ್ ಮಾರ್ಕ್ ಫಿಡ್ರಿಚ್: ಪೆಟ್ಟಾಗಿದ್ದು ಮಂಡಿಗೆ, ಹೋಗಿದ್ದು ಭುಜ?

ಸರಸ್ವತಿಪುರಂ_ಅಣ್ಣ:
ಬೇಸ್‌ಬಾಲ್ ನೋಡುವವರು ಯಾರಾದರೂ ಇದ್ದೀರಾ? ಅಮೆರಿಕದ ಡೆಟ್ರಾಯಿಟ್ ಟೈಗರ್ಸ್ ಟೀಮಿನಲ್ಲಿ ಮಾರ್ಕ್ ಫಿಡ್ರಿಚ್ ಅಂತ ಒಬ್ಬ ಪಿಚರ್ ಇದ್ದ, ಅಂದರೆ ಬಾಲ್ ಎಸೆಯುವವನು, ನಮ್ಮ ಬೌಲರ್ ಥರ. 1976ರಲ್ಲಿ ಮೊದಲ ಸೀಸನ್, ಆಗಿನ್ನೂ ಇಪ್ಪತ್ತೊಂದು ವರ್ಷ. ಪಿಚರ್ ಆಗಿ ಅವನ ಲೆಕ್ಕಕ್ಕೆ ಬಂದ ಗೆಲುವು 19, ಸೋಲು 9. ಆ ವರ್ಷ ಅಮೆರಿಕನ್ ಲೀಗಿನ ಹೊಸಬರ ಪ್ರಶಸ್ತಿ ಅವನಿಗೇ ಬಂತು. ಹಳೇ ವಿಡಿಯೋ ಒಂದು ನೋಡಿದೆ. ಬಾಲ್ ಎಸೆಯುವ ದಿಬ್ಬದ ಮೇಲೆ ಮಂಡಿಯೂರಿ ಕೂತು ಬರಿಗೈಯಲ್ಲಿ ಮಣ್ಣು ಸವರುತ್ತಾನೆ, ಬಾಲನ್ನು ಮುಖದ ಹತ್ತಿರ ಹಿಡಿದು ಅದರ ಜೊತೆ ಮಾತಾಡುತ್ತಾನೆ, ಸ್ಟೇಡಿಯಂ ಪೂರ್ತಿ ಎದ್ದು ನಿಂತು ಕೂಗುತ್ತಿದೆ. ಆಮೇಲಿನ ನಾಲ್ಕು ವರ್ಷ ಸೇರಿಸಿದರೂ ಬರೀ 10 ಗೆಲುವು. 1980ಕ್ಕೆ ಮೇಜರ್ ಲೀಗ್‌ನಲ್ಲಿ, ಅಂದರೆ ಅಮೆರಿಕದ ಬೇಸ್‌ಬಾಲಿನ ಅತಿ ಮೇಲಿನ ಮಟ್ಟದಲ್ಲಿ, ಅವನ ಆಟ ಮುಗಿಯಿತು, ಒಟ್ಟು 58 ಪಂದ್ಯ. 1977ರ ಶುರುವಿನಲ್ಲಿ ಮಂಡಿಗೆ ಪೆಟ್ಟಾಯಿತು ಅಂತ ಓದಿದೆ. ಮಂಡಿಗೆ ಪೆಟ್ಟಾದರೆ ಕೈ ಯಾಕೆ ಹೋಗಬೇಕು?

ಸುಮ್ನೆ ಕೇಳುತ್ತಿಲ್ಲ. ನನ್ನ ತಮ್ಮ ಹದಿನೇಳು ವರ್ಷದವನು, ಫಾಸ್ಟ್ ಬೌಲರ್. ಮೊನ್ನೆ ಕನ್ನಡಿ ಮುಂದೆ ಎಡಗೈಯಲ್ಲಿ ತಲೆ ಬಾಚಿಕೊಳ್ಳುತ್ತಿದ್ದ. ಅವನದು ಬಲಗೈ. ಏನಾಯ್ತೋ ಅಂದರೆ ಏನಿಲ್ಲ ಅಂತ ಹೊರಟುಹೋದ.

ಫಿಸಿಯೋ_ಕುವೆಂಪುನಗರ:
ಎಸೆತದ ಬಲ ಬರೋದು ಬರೀ ಕೈಯಿಂದ ಅಲ್ಲ. ಕಾಲಿಂದ ಶುರುವಾಗಿ ಸೊಂಟ, ಬೆನ್ನು ದಾಟಿ ಕೊನೆಗೆ ಕೈಗೆ ಬರುತ್ತದೆ. ಮಂಡಿ ಮೇಲೆ ನಂಬಿಕೆ ಹೋದರೆ ಮೈ ತನಗೇ ಗೊತ್ತಿಲ್ಲದೆ ಎಸೆಯುವ ರೀತಿ ಬದಲಿಸಿಕೊಳ್ಳುತ್ತದೆ, ಕಾಲು ಮಾಡಬೇಕಾದ ಕೆಲಸ ಭುಜದ ಮೇಲೆ ಬೀಳುತ್ತದೆ. ಫಿಡ್ರಿಚ್ ಮಂಡಿ ಆಪರೇಷನ್ ಮುಗಿಸಿ ಬಂದು ಕೆಲವೇ ವಾರಕ್ಕೆ, ಆಡುತ್ತಿರುವಾಗಲೇ ಕೈ ಸತ್ತಂತೆ ಆಯಿತು.

ಆದರೆ ನಾನು ಮಂಡಿಗಿಂತ 1976ರ ಲೆಕ್ಕ ನೋಡುತ್ತೇನೆ. ಅವನು ಶುರು ಮಾಡಿದ 29 ಪಂದ್ಯಗಳಲ್ಲಿ 24ನ್ನು ಕೊನೆಯವರೆಗೂ ಒಬ್ಬನೇ ಎಸೆದು ಮುಗಿಸಿದ. ಒಟ್ಟು 250 ಇನಿಂಗ್ಸ್. ಬೇಸ್‌ಬಾಲಿನಲ್ಲಿ ಒಂದು ಇನಿಂಗ್ಸ್ ಮುಗಿಯಲು ಮೂರು ಔಟ್ ಬೇಕು, ಅಂದರೆ ಒಂದು ಸೀಸನ್‌ನಲ್ಲಿ 750 ಔಟ್! ಇಪ್ಪತ್ತೊಂದರ ಹುಡುಗನ ಕೈ ಅದು. ತೋಳಿನ ಗುಂಡನ್ನು ಭುಜದ ಗೂಡಿನಲ್ಲಿ ಹಿಡಿದಿಡುವ ನಾಲ್ಕು ಸಣ್ಣ ಸ್ನಾಯುಗಳಿವೆ, ರೊಟೇಟರ್ ಕಫ್ ಅನ್ನುತ್ತೇವೆ. ಬಾಲ್ ಬಿಟ್ಟ ಮೇಲೂ ಕೈ ಮುಂದಕ್ಕೆ ಹಾರುತ್ತಲ್ವಾ, ಅದಕ್ಕೆ ಬ್ರೇಕ್ ಹಾಕುವುದು ಇವೇ. ಅವನಿಗೆ ಹರಿದಿದ್ದು ಅಲ್ಲೇ. ಅದು ಪತ್ತೆಯಾಗಿದ್ದು 1985ರಲ್ಲಿ, ಮೂಳೆ ಸರ್ಜನ್ ಡಾ. ಜೇಮ್ಸ್ ಆಂಡ್ರೂಸ್ ನೋಡಿದಾಗ. ಅಷ್ಟೊತ್ತಿಗೆ ಅವನು ಆಟ ಬಿಟ್ಟಾಗಿತ್ತು. ಎಂಟು ವರ್ಷ, ಏನಾಗಿದೆ ಅಂತಲೇ ಗೊತ್ತಿಲ್ಲದ ನೋವು.

ಗಂಗೋತ್ರಿ_ನೆಟ್ಸ್:
ನಮ್ಮ ಮೈಸೂರಿನ ಶ್ರೀನಾಥ್ ಅವರಿಗೂ ಇದೇ ರೊಟೇಟರ್ ಕಫ್ ತೊಂದರೆ ಅಲ್ವಾ? 1997ರಲ್ಲಿ ವೆಸ್ಟ್ ಇಂಡೀಸ್ ಟೂರ್ ತಪ್ಪಿತು, ಭುಜದ ಆಪರೇಷನ್ ಆಯಿತು. ಮತ್ತೆ ಮೊದಲಿನ ವೇಗ ಬರಲ್ಲ ಅಂತ ಆಗ ನಾವೆಲ್ಲ ಹೆದರಿದ್ದೆವು. 1999ರಲ್ಲಿ ಕೋಲ್ಕತ್ತಾದಲ್ಲಿ ಪಾಕಿಸ್ತಾನದ ಮೇಲೆ ಒಂದೇ ಟೆಸ್ಟಿನಲ್ಲಿ 13 ವಿಕೆಟ್ ತೆಗೆದರು. 2003ರ ವಿಶ್ವಕಪ್ಪಿನಲ್ಲೂ ಆಡಿದರು, ಒಟ್ಟು 236 ಟೆಸ್ಟ್ ವಿಕೆಟ್. ಒಬ್ಬರಿಗೆ ಬೇಗ ಗೊತ್ತಾಯಿತು, ಇನ್ನೊಬ್ಬನಿಗೆ ಆಗಲಿಲ್ಲ. ಅಕ್ಕಾ, 1977ರಲ್ಲಿ ಇದಕ್ಕೆ ಆಪರೇಷನ್ನೇ ಇರಲಿಲ್ವಾ?

ಫಿಸಿಯೋ_ಕುವೆಂಪುನಗರ:
ಮೊಣಕೈಗೆ ದಾರಿ ಸಿಕ್ಕಿತ್ತು. 1974ರಲ್ಲಿ ಟಾಮಿ ಜಾನ್ ಅನ್ನೋ ಪಿಚರ್‌ಗೆ ಡಾ. ಫ್ರಾಂಕ್ ಜೋಬ್ ಹೊಸ ಥರದ ಆಪರೇಷನ್ ಮಾಡಿದರು. ಅವನು 1976ರಲ್ಲಿ ವಾಪಸ್ ಬಂದು 1989ರವರೆಗೆ ಆಡಿದ. ಭುಜದ ಕಥೆ ಬೇರೆ, ಆಗ ಎಂಆರ್‌ಐ ಇನ್ನೂ ಆಸ್ಪತ್ರೆಗಳಿಗೆ ಬಂದೇ ಇರಲಿಲ್ಲ. ಒಳಗೆ ಹರಿದಿದೆ ಅಂತ ಕಾಣುವುದಾದರೂ ಹೇಗೆ? ಈಗ ಆ ನೆಪ ಇಲ್ಲ. ಎಡಗೈಯಲ್ಲಿ ತಲೆ ಬಾಚುತ್ತಾನೆ ಅಂದರಲ್ಲ, ಅಣ್ಣ, ಅದನ್ನ ಹಗುರವಾಗಿ ತಗೋಬೇಡಿ. ಕೈ ಮೇಲೆತ್ತಲು ಆಗುತ್ತಿಲ್ಲ ಅಂತ ಅರ್ಥ.

ಮಂಡ್ಯ_ಕಬ್ಬು:
ನಾನು ಟೆನಿಸ್ ಬಾಲ್ ಟೂರ್ನಮೆಂಟ್ ಆಡುತ್ತಿದ್ದವನು. ಭುಜ ನೋಯುತ್ತಿದೆ ಅಂದಾಗ ನಮ್ಮ ಕೋಚ್ ಸ್ಪ್ರೇ ಹೊಡೆದು ಇನ್ನೆರಡು ಓವರ್ ಹಾಕು ಅನ್ನೋರು. ನಾನೂ ಹಾಕಿದೆ, ಒಂದಲ್ಲ ಮೂರು ವರ್ಷ. ಈಗ ಕಬ್ಬಿನ ಕಟ್ಟು ಲಾರಿಗೆ ಎತ್ತಿ ಕೊಡುವಾಗ ಬಲ ಭುಜಕ್ಕೆ ಹಾಕಿಕೊಳ್ಳಲ್ಲ, ಎಡಕ್ಕೇ.

ಫಿಡ್ರಿಚ್ ಊರಿಗೆ ಹೋಗಿ ಜಮೀನು ಮಾಡಿಕೊಂಡು ಟಿಪ್ಪರ್ ಲಾರಿ ಓಡಿಸುತ್ತಿದ್ದ ಅಂತ ತಿಳಿದಾಗ ಅವನು ನಮ್ಮವನೇ ಅನಿಸಿತು. 2009ರ ಏಪ್ರಿಲ್‌ನಲ್ಲಿ ಅದೇ ಲಾರಿ ಕೆಳಗೆ ರಿಪೇರಿ ಮಾಡುತ್ತಿದ್ದಾಗ ತೀರಿಹೋದ, 54 ವರ್ಷ. ಗದ್ದೆ ಬದು ಸವರುವ ಹಾಗೆ ದಿಬ್ಬದ ಮಣ್ಣು ಸವರುತ್ತಿದ್ದ ಕೈ ಅದು. ನಿಮ್ಮ ತಮ್ಮನ್ನ ಬೈಯಬೇಡಿ. ಟೀಮಿಂದ ತೆಗೆದುಬಿಡುತ್ತಾರೆ ಅನ್ನೋ ಭಯಕ್ಕೆ ಮುಚ್ಚಿಡುತ್ತಾನೆ, ನಾನೂ ಹಾಗೇ ಮುಚ್ಚಿಟ್ಟಿದ್ದೆ.

ಸರಸ್ವತಿಪುರಂ_ಅಣ್ಣ:
ಎಲ್ಲರಿಗೂ ತುಂಬಾ ಥ್ಯಾಂಕ್ಸ್. ನಿನ್ನೆ ರಾತ್ರಿ ಊಟಕ್ಕೆ ಕೂತಾಗ ಅವನಿಗೆ ಆ ವಿಡಿಯೋ ತೋರಿಸಿ, 1985ರ ವಿಷಯ ಹೇಳಿದೆ. ಸುಮಾರು ಹೊತ್ತು ಮಾತಾಡಲಿಲ್ಲ. ಆಮೇಲೆ, "ಅಣ್ಣ, ದಸರಾದಿಂದಲೂ ನೋಯ್ತಿದೆ" ಅಂದ. ಗುರುವಾರ ಮೂಳೆ ಡಾಕ್ಟರ್ ಹತ್ತಿರ ಹೋಗುತ್ತಿದ್ದೇವೆ. ಭಾನುವಾರದ ಮ್ಯಾಚಿಗೆ ಬೇರೆ ಬೌಲರ್ ನೋಡಿಕೊಳ್ಳಿ ಅಂತ ಟೀಮಿನವರಿಗೆ ಅವನೇ ಫೋನ್ ಮಾಡಿದ.