ಪರ್ಫ್ಯೂಮ್ ಹಾಡುಗಳಲ್ಲಿ ಆ ಮೂವರದ್ದು ಅಂತ ಏನಿದೆ?

ಸ್ಮಿತಾ:
ಜಪಾನಿನ ಪರ್ಫ್ಯೂಮ್ ಅನ್ನೋ ಮೂವರು ಗಾಯಕಿಯರ ತಂಡ ಅಂದ್ರೆ ನನಗೆ ಪ್ರಾಣ. ಆದ್ರೆ ಮೂವರ ದನಿಯನ್ನೂ ಕಂಪ್ಯೂಟರಿನಲ್ಲಿ ಹಾಕಿ ರೋಬೋ ಥರ ಮಾಡಿರ್ತಾರೆ, ವೇದಿಕೆ ಮೇಲೆ ಬಹಳಷ್ಟು ಹಾಡಿಗೆ ಲಿಪ್ ಸಿಂಕ್, ಅಂದ್ರೆ ಮುದ್ರಿಸಿದ ಹಾಡಿಗೆ ತುಟಿ ಆಡಿಸೋದು. "ಇದರಲ್ಲಿ ಅವರದ್ದೇನಿದೆ?" ಅಂತ ನಮ್ಮಣ್ಣ ಕೇಳ್ತಾನೆ. ಏನು ಹೇಳ್ಲಿ?

ಗುರುಪ್ರಸಾದ್:
ನಾನು ಸ್ಟುಡಿಯೋದಲ್ಲಿ ಮಿಕ್ಸಿಂಗ್ ಮಾಡೋನು. ಶ್ರುತಿ ತಿದ್ದದೆ ಆಚೆ ಹೋಗೋ ಹಾಡು ಈಗ ಅಪರೂಪ. ತಿದ್ದಿದ್ದು ಯಾರಿಗೂ ಗೊತ್ತಾಗಬಾರದು ಅಂತಲೇ ನಮಗೆ ದುಡ್ಡು ಕೊಡೋದು. ಪರ್ಫ್ಯೂಮ್‌ನ ನಿರ್ಮಾಪಕ ನಕಾಟಾ ಯಸುತಕಾ ಮಾಡೋದು ಇದಕ್ಕೆ ಪೂರ್ತಿ ಉಲ್ಟಾ. 2007ರ ‘ಪಾಲಿರಿದಮ್’ ನಡುಭಾಗ ಕೇಳಿ. ಹಾಡಿದ ಮಾತನ್ನೇ ಚೂರು ಮಾಡಿ, ನಾಲ್ಕರ ಎಣಿಕೆಯ ತಾಳದ ಮೇಲೆ ಬೇರೆ ಎಣಿಕೆ ಹತ್ತಿಸಿ ತಿರುಗಿಸ್ತಾರೆ. ಕತ್ತರಿ ಬಿದ್ದ ಜಾಗ ಎಲ್ಲರಿಗೂ ಕೇಳುತ್ತೆ. ಇದರಲ್ಲಿ ಮೋಸ ಎಲ್ಲಿ ಬಂತು?

ಅವರದ್ದೇನು ಅಂದ್ರೆ, ಕುಣಿತ. ನೃತ್ಯ ಸಂಯೋಜಕಿ ಮಿಕಿಕೊ, ಈ ಮೂವರು ಹಿರೋಶಿಮಾದಲ್ಲಿ ಚಿಕ್ಕ ಹುಡುಗಿಯರಾಗಿದ್ದಾಗಿಂದ ಕಲಿಸಿದ ಗುರು. 2013ರ ಕಾನ್ ಲಯನ್ಸ್ ಜಾಹೀರಾತು ಉತ್ಸವದಲ್ಲಿ ಡೈಟೊ ಮನಾಬೆ ಅವರ ರೈಜೊಮ್ಯಾಟಿಕ್ಸ್ ಅನ್ನೋ ತಂತ್ರಜ್ಞರ ತಂಡ, ಕುಣೀತಿದ್ದ ಮೂವರ ಬಟ್ಟೆ ಮೇಲೇ ಬೆಳಕಿನ ಚಿತ್ರ ಮೂಡಿಸಿತು. ಅವರ ಮೈ ಹೋದ ಕಡೆಗೇ ಬೆಳಕೆಲ್ಲ ಓಡುತ್ತೆ. ಅದಕ್ಕೂ ಮುಂಚೆ, 2012ರಲ್ಲಿ, ತಮ್ಮ ಕುಣಿತದ ಮೋಷನ್ ಕ್ಯಾಪ್ಚರ್ ಡೇಟಾವನ್ನೇ (ಮೈಯ ಚಲನೆಯನ್ನ ಕಂಪ್ಯೂಟರಿಗೆ ಇಳಿಸಿದ ದಾಖಲೆ) ಜಾಲತಾಣದಲ್ಲಿ ಪುಕ್ಕಟೆ ಬಿಟ್ಟಿದ್ದರು. ಅಭಿಮಾನಿಗಳು ಅದರಿಂದ ತಮ್ಮದೇ ಅನಿಮೇಷನ್ ಮಾಡಿದರು. ಅಡುಗೆಮನೆ ಬಾಗಿಲು ಹೀಗೆ ತೆಗೆದಿಡೋರು ಎಷ್ಟು ಜನ ಇದ್ದಾರೆ ಹೇಳಿ!

ಇಕ್ಬಾಲ್:
ನಾನು ಒಪ್ಪಲ್ಲ ಸರ್. 2019ರಲ್ಲಿ ಯೂಟ್ಯೂಬಲ್ಲಿ ಶುರುವಾದ ‘ದ ಫಸ್ಟ್ ಟೇಕ್’ ಅನ್ನೋ ಹಾಡಿನ ಚಾನೆಲ್ ನೋಡಿ. ಬಿಳಿ ಗೋಡೆ, ಮುಂದೆ ಮೈಕು, ಒಂದೇ ಸಲ ಹಾಡಬೇಕು. ದನಿ ನಡುಗೋದು, ಉಸಿರು ಎಳೆಯೋದು ಎಲ್ಲ ಕೇಳುತ್ತೆ. ನನಗೆ ಹಾಡುಗಾರಿಕೆ ಅಂದ್ರೆ ಅದು.

ಗುರುಪ್ರಸಾದ್:
ಇಕ್ಬಾಲ್ ಅವರೇ, ನನಗೂ ಅದು ತುಂಬ ಇಷ್ಟ. ಆದ್ರೆ ಆ ಬಿಳಿ ಗೋಡೆನೂ ಯೋಚನೆ ಮಾಡಿ ಇಟ್ಟಿದ್ದೇ. ಮೈಕು, ಹೆಡ್‌ಫೋನು, ಹಾಡೋ ಮುಂಚಿನ ಮೌನ, ಎಲ್ಲ ಕ್ಯಾಮೆರಾಕ್ಕೆ ಬೀಳೋ ಹಾಗೆ ನಿಲ್ಲಿಸಿದ್ದಾರೆ. ಅಲ್ಲಿ ಉಸಿರು ಉಳಿಸಿಕೊಂಡರು, ಇಲ್ಲಿ ತೆಗೆದರು. ಇಬ್ಬರೂ ಏನು ಮಾಡಿದ್ದೀವಿ ಅಂತ ತೋರಿಸ್ತಾರೆ. ನನಗೆ ಹೊಟ್ಟೆ ಉರಿಯೋದು ಪೂರ್ತಿ ತಿದ್ದಿ, ಆಮೇಲೆ ‘ಸಹಜ ದನಿ’ ಅಂತ ಮಾರೋ ಹಾಡುಗಳನ್ನ ಕಂಡ್ರೆ.

ಸಾವಿತ್ರಿ:
ನಾವು ರಾಜ್‌ಕುಮಾರ್ ಮುಖಕ್ಕೆ ಪಿ.ಬಿ. ಶ್ರೀನಿವಾಸ್ ದನಿ ಕೇಳಿ ಬೆಳೆದೋರಪ್ಪ, ಯಾರೂ ಸುಳ್ಳು ಅನ್ನಲಿಲ್ಲ. ಇನ್ನು ಪರ್ಫ್ಯೂಮ್ ಕಾರ್ಯಕ್ರಮದಲ್ಲಿ ಹಾಡು ನಿಲ್ಲಿಸಿ ಮೂವರಲ್ಲೊಬ್ಬಳಾದ ಆ-ಚಾನ್ ಹಿರೋಶಿಮಾ ಕಡೆಯ ಮಾತಲ್ಲಿ ಹರಟೆಗೆ ಕೂತ್ರೆ ಮುಗೀತಾನೇ ಇರಲಿಲ್ಲ. ಆ ದನಿಗೆ ಯಾವ ಯಂತ್ರನೂ ಇಲ್ಲ.

ಗುರುಪ್ರಸಾದ್:
ಸಾವಿತ್ರಮ್ಮ, ಒಂದು ವ್ಯತ್ಯಾಸ ಇದೆ: ಇಲ್ಲಿ ಮುದ್ರಿಸಿದ ದನಿಯೂ ಅವರದ್ದೇ. ನಕಾಟಾ ಈ ಮೂವರನ್ನ ಕೂರಿಸಿ, ಮೆಲ್ಲಗೆ, ಒತ್ತದೆ ಹಾಡಿಸ್ತಾರೆ. ಅದಕ್ಕೆ ಕಾರಣ ನನಗೆ ಕೆಲಸದಲ್ಲೇ ಗೊತ್ತು. ಗಮಕ, ಕಂಪನ ಹೆಚ್ಚಿದ್ದ ಸ್ವರವನ್ನ ಯಂತ್ರ ಬಲವಂತವಾಗಿ ನೇರ ಮಾಡೋಕೆ ಹೋದ್ರೆ ಗೊರಗೊರ ಅನ್ನುತ್ತೆ. ಸಪಾಟಾಗಿ ಹಾಡಿದ್ರೇನೇ ಆ ಗಾಜಿನಂಥ ನಾದ ಬರೋದು. ಹಾಗೆ ತಡೆದು ಹಾಡೋಕೂ ಅಭ್ಯಾಸ ಬೇಕು.