ಬೈರಮಂಗಲದ ನೊರೆ, ಆರ್‌ಆರ್ ನಗರದ ಬಚ್ಚಲು: ನಮ್ಮನೆ ಗುಂಪಿನ ಒಂದು ಭಾನುವಾರ

ನಮ್ಮ ತಾಯಿ ಕಡೆಯವರ ವಾಟ್ಸಾಪ್ ಗುಂಪಿನಲ್ಲಿ ನಡೆದದ್ದು ಇದು. ಎಲ್ಲರನ್ನೂ ಕೇಳಿಯೇ ಹಾಕುತ್ತಿದ್ದೇನೆ. ಹೆಸರು ತೆಗೆದಿದ್ದೇನೆ, ಗುಡ್ ಮಾರ್ನಿಂಗ್ ಗುಲಾಬಿಗಳನ್ನೂ ತೆಗೆದಿದ್ದೇನೆ. ಮಾವ ಬಿಡದಿ ಹತ್ತಿರ, ವೃಷಭಾವತಿ ನೀರು ಬಂದು ಸೇರುವ ಬೈರಮಂಗಲ ಕೆರೆ ಕೆಳಗೆ ಬೇಸಾಯ ಮಾಡುತ್ತಾರೆ, ಅಜ್ಜಿ ಅವರ ಜೊತೆ ಇದ್ದಾರೆ. ದೊಡ್ಡಪ್ಪ ದೊಡ್ಡಮ್ಮ ಬೆಂಗಳೂರಿನ ಆರ್‌ಆರ್ (ರಾಜರಾಜೇಶ್ವರಿ) ನಗರದ ಅಪಾರ್ಟ್‌ಮೆಂಟಿನಲ್ಲಿ, ಅವರ ಮಗ (ನಮಗೆಲ್ಲ ಅಣ್ಣ) ವೈಟ್‌ಫೀಲ್ಡ್‌ನಲ್ಲಿ. ಚಿಕ್ಕಮ್ಮ ಮಲ್ಲೇಶ್ವರ. ಅವರ ಮಗಳು ಪುಟ್ಟಿ ಸಿವಿಲ್ ಎಂಜಿನಿಯರಿಂಗ್ ಕೊನೆ ವರ್ಷ.

ದೊಡ್ಡಪ್ಪ: (ಹಲವು ಬಾರಿ ಫಾರ್ವರ್ಡ್ ಆಗಿದೆ) ಇದು ಯಾವ ನದಿ ಗೊತ್ತೇ? ನಮ್ಮ ಬೆಂಗಳೂರಿನ ವೃಷಭಾವತಿ!! ವರ್ಷವಿಡೀ ತುಂಬಿ ಹರಿಯುತ್ತಿದ್ದ ತಾಯಿಯನ್ನು ಹೊರಗಿನಿಂದ ಬಂದವರು ಮೋರಿ ಮಾಡಿದರು. ನಿಜವಾದ ಬೆಂಗಳೂರಿಗರಾಗಿದ್ದರೆ 10 ಗುಂಪಿಗೆ ಕಳಿಸಿ 🙏

ಪುಟ್ಟಿ: ದೊಡ್ಡಪ್ಪ, ಫೋಟೋದಲ್ಲಿ ಹಿಂದೆ ಹಿಮದ ಬೆಟ್ಟ ಇದೆ. ಕೆಂಗೇರಿಯಲ್ಲಿ ಹಿಮ ಯಾವಾಗ ಬಿದ್ದಿತ್ತು?

ಅಣ್ಣ: 😂😂

ದೊಡ್ಡಪ್ಪ: ಫೋಟೋ ಬಿಡಮ್ಮ. ವಿಷಯ ನೋಡು.

ಅಣ್ಣ: ವಿಷಯಾನೂ ಅಷ್ಟೇ ಅಪ್ಪ. ಅದನ್ನು ನದಿ ಅನ್ನುವುದೇ ಜಾಸ್ತಿ ಆಯಿತು. ಮಳೆ ನೀರಿನ ಹಳ್ಳ. ನಾನು ಸ್ಕೂಲಿಗೆ ಹೋಗುವಾಗ ಬಸ್ಸಿನಲ್ಲಿ ಎಲ್ಲರೂ ಕೆಂಗೇರಿ ಮೋರಿ ಅಂತಲೇ ಅನ್ನುತ್ತಿದ್ದರು. ಆ ವಾಸನೆ ಬಂದರೆ ಸಾಕು, ಕಿಟಕಿ ಕಡೆ ನೋಡದೇ ಇಳಿಯುವ ಸ್ಟಾಪ್ ಬಂತು ಅಂತ ಗೊತ್ತಾಗುತ್ತಿತ್ತು.

ದೊಡ್ಡಪ್ಪ: ನದಿ ಅಲ್ಲದಿದ್ದರೆ ಗಾಳಿ ಆಂಜನೇಯನ ಗುಡಿ ಅಲ್ಲಿ ಯಾಕಪ್ಪ ಇದೆ? ವೃಷಭಾವತಿಗೆ ಪಶ್ಚಿಮವಾಹಿನಿ ಅನ್ನುವ ತೊರೆ ಬಂದು ಸೇರುವ ಜಾಗ ಅದು. ಮೋರಿ ಪಕ್ಕ ಹುಡುಕಿಕೊಂಡು ಹೋಗಿ ಯಾರಾದರೂ ಗುಡಿ ಕಟ್ಟುತ್ತಾರಾ? ಹುಟ್ಟುವುದು ಬಸವನಗುಡಿ ದೊಡ್ಡ ಬಸವಣ್ಣನ ಪಾದದ ಹತ್ತಿರ. ವೃಷಭ ಅಂದರೆ ಬಸವ, ಹೆಸರೇ ಹೇಳುತ್ತದೆ.

ಚಿಕ್ಕಮ್ಮ: ಭಾವ, ಅದು ನಿಮ್ಮ ಬಸವನಗುಡಿಯವರ ಲೆಕ್ಕ. ನಮ್ಮ ಕಾಡು ಮಲ್ಲೇಶ್ವರನ ಎದುರಿನ ನಂದಿ ತೀರ್ಥದಲ್ಲಿ ಹುಟ್ಟುತ್ತದೆ. 1990ರ ದಶಕದ ಕೊನೆಯಲ್ಲಿ ಮಣ್ಣು ತೆಗೆದಾಗ ಸಿಕ್ಕಿತಲ್ಲ, ನಂದಿ ಬಾಯಿಂದ ಶಿವಲಿಂಗದ ಮೇಲೆ ನೀರು ಬೀಳುತ್ತದೆ. ನಾನು ಸೋಮವಾರ ಸೋಮವಾರ ನೋಡುತ್ತೇನೆ.

ದೊಡ್ಡಪ್ಪ: ಹಾಗಾದರೆ ಕಡಲೆಕಾಯಿ ಪರಿಷೆ ಮಲ್ಲೇಶ್ವರದಲ್ಲೇ ಮಾಡಿ.

ಪುಟ್ಟಿ: ಇಬ್ಬರೂ ಸರಿ, ಸುಮ್ನಿರಿ. ಬೆಂಗಳೂರು ಕೂತಿರುವುದು ಏರಿನ ಬೆನ್ನಿನ ಮೇಲೆ. ಪಡುವಣ ಕಡೆ ಬಿದ್ದ ನೀರೆಲ್ಲ, ಮಲ್ಲೇಶ್ವರದ್ದೂ ಕೆಂಪಾಂಬುಧಿ ಕೆರೆಯದ್ದೂ ಬಸವನಗುಡಿಯದ್ದೂ, ವೃಷಭಾವತಿಗೆ. ಅಲ್ಲಿಂದ ಮೈಸೂರು ರಸ್ತೆ ಪಕ್ಕದಲ್ಲೇ ನಾಯಂಡಹಳ್ಳಿ, ಕೆಂಗೇರಿ, ಬಿಡದಿ ಕಡೆ, ಬೈರಮಂಗಲ ಕೆರೆ, ಆಮೇಲೆ ಅರ್ಕಾವತಿ, ಕೊನೆಗೆ ಸಂಗಮದಲ್ಲಿ ಕಾವೇರಿ. ಮೂಡಣ ಕಡೆಯದು ಬೆಳ್ಳಂದೂರು ವರ್ತೂರು ದಾಟಿ ದಕ್ಷಿಣ ಪಿನಾಕಿನಿಗೆ. ಅಂದರೆ ಅಣ್ಣ, ನಿನ್ನ ವೈಟ್‌ಫೀಲ್ಡ್ ಬಚ್ಚಲು ಬೇರೆ ಕಡೆ ಹೋಗುತ್ತದೆ. ಈ ಜಗಳದಲ್ಲಿ ನಿನಗೆ ಓಟಿಲ್ಲ.

ಅಣ್ಣ: ಓಟಿಲ್ಲದಿದ್ದರೂ ಮಾತಾಡುತ್ತೇನೆ.

ಮಾವ: (ಫೋಟೋ) ನಿಮ್ಮ ತಾಯಿ ಎಲ್ಲಿ ಹುಟ್ಟಿದಳು ಅಂತ ತೀರ್ಮಾನ ಆದ ಮೇಲೆ ಹೇಳಿ. ನಮ್ಮ ಕಡೆ ಬಂದಾಗ ಹೀಗಿದ್ದಾಳೆ. ಇವತ್ತು ಬೆಳಗ್ಗೆ ಕೋಡಿ ಹತ್ತಿರ ತೆಗೆದದ್ದು.

ಅಣ್ಣ: ಅಯ್ಯೋ ಇದೇನು ಮಾವ, ನೊರೆನಾ? ಆ ಬೇಲಿಗಿಂತ ಎತ್ತರ ಇದೆ.

ಮಾವ: ನೊರೆನೇ. ನಿಮ್ಮೆಲ್ಲರ ಸೋಪಿನ ಪುಡಿ. ನೀರು ಧುಮುಕುವ ಕಡೆ ಮೊಸರು ಕಡೆದ ಹಾಗೆ ಏಳುತ್ತದೆ, ಗಾಳಿ ಬಂದರೆ ರಸ್ತೆಗೆ ಹಾರುತ್ತದೆ. ಚಿಕ್ಕ ಮಕ್ಕಳು ಕೈ ಹಾಕಲು ಹೋಗುತ್ತಾರೆ, ಓಡಿಸುವುದೇ ಒಂದು ಕೆಲಸ. ಬಿಡದಿಗೆ ತಟ್ಟೆ ಇಡ್ಲಿ ತಿನ್ನಲು ಬರುತ್ತೀರಲ್ಲ, ಅಲ್ಲಿಂದ ಸ್ವಲ್ಪವೇ ದೂರ. ಒಂದು ದಿನವೂ ಯಾರೂ ಕಾರು ಈ ಕಡೆ ತಿರುಗಿಸಿಲ್ಲ. ಅಜ್ಜಿ ಫಾರ್ವರ್ಡ್ ಓದಿಸಿಕೊಂಡು ನಗುತ್ತಿದ್ದಾಳೆ. ವಾಯ್ಸ್ ಹಾಕುತ್ತೇನೆ ಕೇಳಿ.

(4 ನಿಮಿಷದ ವಾಯ್ಸ್. ಅಣ್ಣ ಕೇಳುವುದಿಲ್ಲ ಅಂತ ಗೊತ್ತಿದ್ದರಿಂದ ಚಿಕ್ಕಮ್ಮ ಟೈಪ್ ಮಾಡಿ ಹಾಕಿದರು.)

ಅಜ್ಜಿ: ಅಳಿಯಂದಿರೇ, ವರ್ಷವಿಡೀ ತುಂಬಿ ಹರಿಯುತ್ತಿತ್ತು ಅಂತ ಬರೆದವರು ಯಾರು? ಕೆಂಗೇರಿಯಲ್ಲಿ ನಮ್ಮಪ್ಪನ ಮನೆಯಿಂದ ಹೊಳೆಗೆ ನಾಲ್ಕು ಹೆಜ್ಜೆ. ಮಳೆಗಾಲದಲ್ಲಿ ಕೆಂಪಗೆ ಬರುತ್ತಿತ್ತು. ಶಿವರಾತ್ರಿ ಹೊತ್ತಿಗೆ ದಾರದ ಹಾಗೆ. ಯುಗಾದಿ ಕಳೆದರೆ ಬರೀ ಮರಳು. ಆ ಮರಳಲ್ಲಿ ಒರತೆ ತೋಡುವುದು, ಮೊಳಕೈ ಮುಳುಗುವಷ್ಟು. ಮೊದಲು ಊರಿದ ನೀರು ಕದಡಿರುತ್ತದೆ, ತೆಂಗಿನ ಚಿಪ್ಪಿನಲ್ಲಿ ಎತ್ತಿ ಚೆಲ್ಲಬೇಕು. ಎರಡನೇ ಸಲವೂ ಚೆಲ್ಲಬೇಕು. ಮೂರನೇ ಸಲ ತಿಳಿಯಾಗಿ ಬರುತ್ತದೆ. ಬಿಂದಿಗೆ ಬಾಯಿಗೆ ಬಟ್ಟೆ ಕಟ್ಟಿ ಚಿಪ್ಪಿನಲ್ಲಿ ತುಂಬಿ ತುಂಬಿ ಹಾಕುವುದು, ಒಂದು ಬಿಂದಿಗೆಗೆ ಒಂದು ಹಾಡು ಮುಗಿಯುತ್ತಿತ್ತು. ಕೆಳಗಡೆ ಅಗಸರು ಬಟ್ಟೆ ಒಗೆಯುತ್ತಿದ್ದರು, ಅದಕ್ಕೂ ಕೆಳಗೆ ದನ. ಮೇಲೆ ಯಾರೂ ಕಾಲಿಡುವ ಹಾಗಿರಲಿಲ್ಲ, ಇಟ್ಟರೆ ಬೈಗುಳ. ಎಲ್ಲ ಜಾತಿಯವರಿಗೂ ಒಂದೇ ಒರತೆ ಅಲ್ಲ ಮತ್ತೆ, ಅದನ್ನೂ ಹೇಳಬೇಕು, ಅವರವರದ್ದು ಬೇರೆ ಬೇರೆ ಗುಂಡಿ. ನಾನು ಮದುವೆಯಾಗಿ ಇಲ್ಲಿಗೆ ಬಂದಾಗ ಕೆರೆ ನೀರಲ್ಲೇ ಅನ್ನ ಮಾಡುತ್ತಿದ್ದೆವು. ಬೇಳೆ ಚೆನ್ನಾಗಿ ಬೇಯುತ್ತಿತ್ತು. ಆಮೇಲೆ ಒಂದು ಬೇಸಿಗೆ ನೀರು ಬತ್ತಲೇ ಇಲ್ಲ. ನಾವು ಖುಷಿಪಟ್ಟೆವು ನೋಡಿ, ದೇವರು ಕಣ್ಣು ಬಿಟ್ಟ ಅಂತ.

ನಾನು: ಆ ಕೊನೆ ಸಾಲು ಓದಿ ಏನು ಹೇಳಬೇಕೋ ಗೊತ್ತಾಗುತ್ತಿಲ್ಲ.

ಪುಟ್ಟಿ: ಅಜ್ಜಿ ಹೇಳಿದ್ದೇ ಲೆಕ್ಕ. ಬತ್ತದೇ ಇದ್ದದ್ದು ಯಾಕೆ ಅಂದರೆ 1974ರಲ್ಲಿ ಬೆಂಗಳೂರಿಗೆ ಕಾವೇರಿ ಬಂತು. ಸುಮಾರು 100 ಕಿಲೋಮೀಟರ್ ದೂರದಿಂದ, ಹತ್ತಿರ ಹತ್ತಿರ 500 ಮೀಟರ್ ಮೇಲಕ್ಕೆ ಪಂಪ್ ಮಾಡಿ ತರುತ್ತಾರೆ. ಮೊದಲ ಹಂತ ದಿನಕ್ಕೆ 13.5 ಕೋಟಿ ಲೀಟರ್. 2024ರಲ್ಲಿ ಬಂದ ಐದನೇ ಹಂತ ಒಂದೇ 77.5 ಕೋಟಿ. ಮನೆಗೆ 100 ಲೀಟರ್ ಕೊಟ್ಟರೆ 80 ಲೀಟರ್ ಬಚ್ಚಲಿಗೆ ಹೋಗುತ್ತದೆ ಅಂತ ನಮಗೆ ಪಾಠದಲ್ಲೇ ಇದೆ. ಆ 80 ಎಲ್ಲಿಗೆ ಹೋಗಬೇಕು? ಇಳಿಜಾರು ಎಲ್ಲಿದೆಯೋ ಅಲ್ಲಿಗೆ. ನದಿ ಸತ್ತಿದೆ ಅನ್ನುತ್ತಾರಲ್ಲ, ನನಗೆ ಅದೇ ಸಿಟ್ಟು. ಬೇಸಿಗೆಯಲ್ಲಿ ಇಷ್ಟು ನೀರು ಅದು ಹಿಂದೆಂದೂ ನೋಡಿಲ್ಲ. ಹರಿಯುತ್ತಿರುವುದು ಕಾವೇರಿಯೇ, ನಮ್ಮ ಮನೆ ಒಳಗಿಂದ ಹಾದು ಬಂದಿದೆ ಅಷ್ಟೇ.

ಅಣ್ಣ: ಅಂದರೆ ಅದೇ ನೀರು ಮತ್ತೆ ಕಾವೇರಿಗೆ ಸೇರಿ ಮತ್ತೆ ನಮ್ಮ ನಲ್ಲಿಗೆ? ಛೀ.

ಪುಟ್ಟಿ: ನಮ್ಮ ನಲ್ಲಿಗೆ ಬರುವುದಿಲ್ಲ. ನಮಗೆ ನೀರು ಎತ್ತುವುದು ಶಿವನಸಮುದ್ರದ ಹತ್ತಿರ, ಅರ್ಕಾವತಿ ಸೇರುವ ಸಂಗಮ ಅದಕ್ಕಿಂತ ಕೆಳಗೆ. ಮೇಲಿನದು ನಮಗೆ, ಕೆಳಗಿನದು ಕೆಳಗಿನವರಿಗೆ. ಅಜ್ಜಿ ಕಾಲದ ಹೊಳೆಯಲ್ಲೂ ಇದೇ ತಾನೇ ಇದ್ದದ್ದು, ಒರತೆ ಮೇಲೆ ದನ ಕೆಳಗೆ. ಮಾವ ಈಗ ದನದ ಜಾಗದಲ್ಲಿದ್ದಾರೆ.

ಚಿಕ್ಕಮ್ಮ: ಪುಟ್ಟೀ!! ಮಾತು ನೋಡಿಕೊಂಡು ಆಡು.

ಮಾವ: ಬಿಡು, ನಿಜಾನೇ ಹೇಳಿದೆ ಮಗು.

ದೊಡ್ಡಪ್ಪ: ಎಲ್ಲಾ ಮನೆಗಳ ಮೇಲೆ ಹಾಕಬೇಡಿ. ಪೀಣ್ಯ ಕಡೆಯ ಫ್ಯಾಕ್ಟರಿಗಳು ರಾತ್ರೋರಾತ್ರಿ ಬಿಡುವ ಬಣ್ಣದ ನೀರು, ಆಸಿಡ್, ಅದಲ್ವಾ ಮುಖ್ಯ? ನಾವು ಒಂದು ಬಕೆಟ್ ಸ್ನಾನ ಮಾಡುವವರು ಏನು ಮಾಡಿದೆವು?

ಪುಟ್ಟಿ: ಅದೂ ಇದೆ, ಲೋಹ ಬಣ್ಣ ಎಲ್ಲ ಅಲ್ಲಿಂದಲೇ. ವಿಷ ಅವರದ್ದು ಅಂದುಕೊಳ್ಳಿ, ಪ್ರವಾಹ ನಮ್ಮದು.

ದೊಡ್ಡಮ್ಮ: ಈಗ ತಾನೇ ಓದಿದೆ ಎಲ್ಲಾ, ಅಡುಗೆಮನೆಯಲ್ಲಿದ್ದೆ. ನಮ್ಮ ದೇವರಮನೆ ಬೆಳ್ಳಿ ದೀಪ ಶುಕ್ರವಾರ ಉಜ್ಜಿದರೆ ಮುಂದಿನ ಶುಕ್ರವಾರಕ್ಕೆ ಕಪ್ಪು. ನಾನು ಬೆಳ್ಳಿ ಅಂಗಡಿಯವನು ಮೋಸ ಮಾಡಿದ ಅಂತ ಬೈದುಕೊಂಡಿದ್ದೆ. ಆಮೇಲೆ ಎಸಿ ರಿಪೇರಿಗೆ ಬಂದ ಹುಡುಗ ಹೇಳಿದ, ಅಮ್ಮಾ ಈ ಕಾಲುವೆ ಪಕ್ಕದ ಮನೆಗಳಲ್ಲೆಲ್ಲ ತಾಮ್ರದ ಕೊಳವೆ ಹೀಗೇ ತೂತು ಬೀಳುತ್ತೆ, ಗಾಳಿಯೇ ತಿನ್ನುತ್ತೆ ಅಂತ.

ಪುಟ್ಟಿ: ಹೈಡ್ರೋಜನ್ ಸಲ್ಫೈಡ್ ದೊಡ್ಡಮ್ಮ. ಕೊಳೆತ ಮೊಟ್ಟೆ ವಾಸನೆ ಬರುತ್ತಲ್ಲ, ಅದೇ.

ದೊಡ್ಡಮ್ಮ: ಹೂಂ. ಮತ್ತೆ ಒಂದು ಬಕೆಟ್ ಸ್ನಾನದ ವಿಷಯ. ನಮ್ಮ ಅಪಾರ್ಟ್‌ಮೆಂಟಿನ ಎಸ್‌ಟಿಪಿ, ಅದೇ ಬಚ್ಚಲು ನೀರು ಶುದ್ಧ ಮಾಡುವ ಘಟಕ, ರಾತ್ರಿ 10ರಿಂದ ಬೆಳಗ್ಗೆವರೆಗೆ ಆಫ್. ಕರೆಂಟ್ ಬಿಲ್ ಉಳಿಸಲು. ಆ ನಿರ್ಧಾರ ಬರೆದ ಸೆಕ್ರೆಟರಿ ಯಾರು ಅಂತ ಇವರನ್ನೇ ಕೇಳಿ.

ದೊಡ್ಡಪ್ಪ: ಈ ಸಂದೇಶವನ್ನು ಅಳಿಸಲಾಗಿದೆ

ದೊಡ್ಡಪ್ಪ: ಈ ಸಂದೇಶವನ್ನು ಅಳಿಸಲಾಗಿದೆ

ಅಣ್ಣ: ಅಪ್ಪ 😳

ದೊಡ್ಡಪ್ಪ: ಅದು ಕಮಿಟಿ ನಿರ್ಧಾರ. ನನ್ನೊಬ್ಬನದಲ್ಲ. ಮೈಸೂರು ರಸ್ತೆಯಲ್ಲಿ ಸರಕಾರದ್ದೇ ದೊಡ್ಡ ಶುದ್ಧೀಕರಣ ಘಟಕ ಇದೆ, ಅಲ್ಲಿ ಆಗುತ್ತದೆ ಅಂತ ಅಂದುಕೊಂಡೆವು.

ಪುಟ್ಟಿ: ಆ ವಿ ವ್ಯಾಲಿ (ವೃಷಭಾವತಿ ಕಣಿವೆ) ಘಟಕ ದಿನಕ್ಕೆ 18 ಕೋಟಿ ಲೀಟರ್‌ನದ್ದು. ಆದರೆ ಒಳಚರಂಡಿ ಪೈಪಿಗೆ ಬಂದ ನೀರು ಮಾತ್ರ ಅಲ್ಲಿಗೆ ಹೋಗುತ್ತದೆ ದೊಡ್ಡಪ್ಪ. ನಿಮ್ಮದು ಹಿಂದಿನ ರಾಜಕಾಲುವೆಗೆ ಬಿಡುವುದು ಅಂತ ನೀವೇ ಗೃಹಪ್ರವೇಶದ ದಿನ ತೋರಿಸಿದ್ದಿರಿ. ರಾತ್ರಿ ಗಾಳಿ ಊದುವುದು ನಿಲ್ಲಿಸಿದರೆ ತೊಟ್ಟಿಯಲ್ಲಿ ಕೊಳೆ ತಿನ್ನುವ ಸೂಕ್ಷ್ಮಜೀವಿಗಳು ಉಸಿರು ಕಟ್ಟಿ ಸೊರಗುತ್ತವೆ. ಬೆಳಗ್ಗೆ ಮತ್ತೆ ಆನ್ ಮಾಡಿದ ತಕ್ಷಣ ಎದ್ದು ಕೂರುವುದಿಲ್ಲ.

ನಾನು: ಕಾಲುವೆ ಪಕ್ಕ ಇರುವವರ ಮಾತೂ ಬರಲಿ. ನಮ್ಮ ಮನೆ ಕೆಲಸಕ್ಕೆ ಬರುವ ಅಕ್ಕನ ಮನೆ ಬಾಪೂಜಿನಗರ, ಗೋಡೆ ಆಚೆ ರಾಜಕಾಲುವೆ. ಅವರ ಅಕ್ಕಿ ಡಬ್ಬ ನೆಲದ ಮೇಲಿಲ್ಲ, ಅಟ್ಟದ ಮೇಲಿದೆ. ರೇಷನ್ ಕಾರ್ಡು, ಮಕ್ಕಳ ಮಾರ್ಕ್ಸ್ ಕಾರ್ಡು ಒಂದು ಪ್ಲಾಸ್ಟಿಕ್ ಕವರಿನಲ್ಲಿ ಮೊಳೆಗೆ ತೂಗುಹಾಕಿದ್ದಾರೆ. ಗೋಡೆಯಲ್ಲಿ ಸೊಂಟದ ಎತ್ತರಕ್ಕೆ ಒಂದು ಗೆರೆ. ಬಣ್ಣ ಹೊಡೆಸಿದರೂ ಮತ್ತೆ ಕಾಣಿಸಿಕೊಳ್ಳುತ್ತದೆ ಅನ್ನುತ್ತಾರೆ. ದೊಡ್ಡ ಮಳೆ ಬಂದ ದಿನ ರಜೆ ಕೇಳುವುದಿಲ್ಲ, ಸುಮ್ಮನೆ ಬರುವುದಿಲ್ಲ.

ಅಣ್ಣ: ಇದಕ್ಕೆಲ್ಲ ಒಂದೇ ದಾರಿ. ಪೂರ್ತಿ ಕೊಳಚೆ ನೀರನ್ನು ಪೈಪಿನಲ್ಲಿ ಹಾಕಿ ಬೇರೆ ಕಡೆ ತಿರುಗಿಸಿಬಿಡಬೇಕು. ಬೈರಮಂಗಲ ಕೆರೆಗೂ ಬಿಡಬಾರದು. ಆ ನೀರಲ್ಲಿ ಬೆಳೆದದ್ದನ್ನು ಜನ ತಿನ್ನುವುದಾದರೂ ಹೇಗೆ? ಬೇಜಾರು ಮಾಡಿಕೊಳ್ಳಬೇಡಿ ಮಾವ, ನೀವು ಕಳಿಸುವ ತೆಂಗಿನಕಾಯಿ ಬಗ್ಗೆ ನನ್ನ ಹೆಂಡತಿ ಮೊನ್ನೆ ಕೇಳಿದಳು.

(ಇಲ್ಲಿ ಹತ್ತಿರ ಹತ್ತಿರ ಮುಕ್ಕಾಲು ಗಂಟೆ ಯಾರೂ ಏನೂ ಬರೆಯಲಿಲ್ಲ. ಮಾವ ಟೈಪ್ ಮಾಡುತ್ತಿದ್ದಾರೆ ಅಂತ ಬರುತ್ತಿತ್ತು, ಹೋಗುತ್ತಿತ್ತು.)

ಮಾವ: ಬೇಜಾರಿಲ್ಲ. ಆದರೆ ಪೂರ್ತಿ ಓದು. ಈ ಕೆರೆ ಕಟ್ಟಿದ್ದು 1940ರ ದಶಕದಲ್ಲಿ, ನೀರಾವರಿಗೆ. ಎಡದಂಡೆ ಬಲದಂಡೆ ಎರಡೂ ನಾಲೆ ಇವೆ. ನಮ್ಮಪ್ಪ ಭತ್ತ, ಕಬ್ಬು ಬೆಳೆದರು. ಈಗ ಭತ್ತ ಇಟ್ಟರೆ ಪೈರು ಆಳೆತ್ತರ ಬರುತ್ತದೆ, ನೋಡಿದರೆ ಕಣ್ಣಿಗೆ ಹಬ್ಬ, ಕಾಳು ಕಟ್ಟುವ ಹೊತ್ತಿಗೆ ಪೂರಾ ಮಲಗುತ್ತದೆ. ಗೊಬ್ಬರ ಜಾಸ್ತಿ ಆದ ನೀರು. ರಾಗಿಯೂ ಹಾಗೇ. ಅದಕ್ಕೇ ಎಲ್ಲರೂ ಸೀಮೆ ಹುಲ್ಲು, ಬೇಬಿ ಕಾರ್ನ್, ಹಿಪ್ಪುನೇರಳೆ, ತೆಂಗು ಅಂತ ಹೊರಳಿಕೊಂಡರು. ಹುಲ್ಲು ಹಸುವಿಗೆ, ಹಾಲು ಡೈರಿಗೆ, ಗೂಡು ರಾಮನಗರ ಮಾರ್ಕೆಟ್ಟಿಗೆ, ಬೇಬಿ ಕಾರ್ನ್ ನಿಮ್ಮ ಹೋಟೆಲಿನ ಮಂಚೂರಿಗೆ. ನೀನು ತೆಂಗಿನಕಾಯಿ ಒಂದನ್ನು ವಾಪಸ್ ಕಳಿಸಿದರೆ ಆಯ್ತಾ? ನಿಮ್ಮ ನೀರು ನಮ್ಮ ಹತ್ತಿರ ಬರುತ್ತದೆ, ನಮ್ಮ ಬೆಳೆ ನಿಮ್ಮ ಹತ್ತಿರ ಬರುತ್ತದೆ.

ಮಾವ: ಗದ್ದೆಗೆ ಇಳಿದರೆ ಮೊಣಕಾಲವರೆಗೆ ತುರಿಕೆ. ರಾತ್ರಿ ಕೊಬ್ಬರಿ ಎಣ್ಣೆ ಹಚ್ಚಿ ಮಲಗುತ್ತೇನೆ. ಕೂಲಿಗೆ ಕರೆದರೆ ನಾಲೆ ನೀರಾ ಬೋರ್ ನೀರಾ ಅಂತ ಮೊದಲು ಕೇಳುತ್ತಾರೆ, ನಾಲೆ ಅಂದರೆ ಕೂಲಿ ಜಾಸ್ತಿ. ಬೋರ್ ನೀರೂ ಈಗ ಹಳದಿ, ಇಂಗಿದ್ದು ಅದೇ ನೀರಲ್ವಾ. ಕುಡಿಯಲು ಕ್ಯಾನ್ ತರಿಸುತ್ತೇವೆ. ಕೆರೆ ಪಕ್ಕದಲ್ಲಿದ್ದುಕೊಂಡು.

ಮಾವ: ಇಷ್ಟಾದರೂ ನೀರು ತಿರುಗಿಸಿಬಿಡಿ ಅಂದರೆ ನಾನು ಒಪ್ಪುವುದಿಲ್ಲ. ಕೊಳಚೆ ಕೆರೆಗೆ ಬರದ ಹಾಗೆ ಪಕ್ಕದಲ್ಲಿ ಕಾಲುವೆ ತೋಡುತ್ತೇವೆ ಅಂದಾಗ ಊರಲ್ಲಿ ಅರ್ಧ ಜನ ಸಿಹಿ ಹಂಚಿದರು, ಅರ್ಧ ಜನ ಬೈದರು. ನಾನು ಬೈದವರ ಕಡೆ. ಕೆರೆ ಖಾಲಿ ಮಾಡಿ ಹೂಳು ತೆಗೆದು ಮಳೆ ನೀರು ತುಂಬಿಸುತ್ತಾರಂತೆ, ಎಷ್ಟು ವರ್ಷಕ್ಕೆ? ಅಲ್ಲಿವರೆಗೆ ಹಸು ಏನು ತಿನ್ನಬೇಕು? ತಿರುಗಿಸಿದ ನೀರು ಮಾಯ ಆಗುತ್ತದಾ, ನಮ್ಮ ಕೆಳಗಿನ ಊರಿನವರ ತಲೆ ಮೇಲೆ ಬೀಳುತ್ತದೆ. ಕೋಲಾರಕ್ಕೆ ಕೋರಮಂಗಲ ಕಣಿವೆ ನೀರನ್ನು 2018ರಿಂದ ಶುದ್ಧ ಮಾಡಿ ಪಂಪಿನಲ್ಲಿ ಕಳಿಸುತ್ತಿದ್ದಾರಲ್ಲ, ಅಲ್ಲಿನ ರೈತರು ಎರಡು ಹಂತ ಸಾಲದು, ಮೂರನೇ ಹಂತದ ಶುದ್ಧೀಕರಣ ಬೇಕು ಅಂತ ಕೂತಿದ್ದಾರೆ. ನಮಗೆ ಪಂಪೇ ಬೇಡ, ಇಳಿಜಾರಿನಲ್ಲಿ ತಾನೇ ಬರುತ್ತದೆ. ಅದಕ್ಕೇ ನಮ್ಮನ್ನು ಯಾರೂ ಕೇಳುವುದಿಲ್ಲ ಅಂತ ಕಾಣುತ್ತದೆ. ತೊಳೆದು ಕೊಡಿ ಅಂದರೆ ಕಿತ್ತುಕೊಳ್ಳುತ್ತೇವೆ ಅನ್ನುತ್ತೀರಿ.

ಅಣ್ಣ: ಸಾರಿ ಮಾವ. ಆದರೆ ಲೋಹ ಇರುವ ನೀರಿನ ಹಾಲನ್ನು ಮಕ್ಕಳಿಗೆ ಕೊಡಬಾರದು ಅನ್ನುವುದು ನನ್ನ ಮಾತು, ಅದನ್ನು ಹಿಂದಕ್ಕೆ ತೆಗೆದುಕೊಳ್ಳುವುದಿಲ್ಲ.

ಮಾವ: ತೆಗೆದುಕೊಳ್ಳಬೇಡ. ನಾನೂ ಮೊಮ್ಮಗುವಿಗೆ ಪ್ಯಾಕೆಟ್ ಹಾಲೇ ಕೊಡುವುದು. ಆ ಪ್ಯಾಕೆಟ್ಟಿನದು ಎಲ್ಲಿಯ ಹಸುವೋ ಯಾರಿಗೆ ಗೊತ್ತು.

ಚಿಕ್ಕಮ್ಮ: ಊಟ ಮಾಡಿ ಎಲ್ಲರೂ. ಮೂರು ಗಂಟೆ ಆಯಿತು.

ದೊಡ್ಡಪ್ಪ: ಎಸ್‌ಟಿಪಿ ವಿಷಯ ಮುಂದಿನ ಮೀಟಿಂಗಿನಲ್ಲಿ ಎತ್ತುತ್ತೇನೆ.

ದೊಡ್ಡಮ್ಮ: ಎತ್ತುವುದು ಏನಿದೆ, ಸ್ವಿಚ್ ನಮ್ಮ ಬ್ಲಾಕಿನ ಕೆಳಗೇ ಇದೆ.

ದೊಡ್ಡಪ್ಪ: ಹಾಗೆಲ್ಲ ಮಾಡಲು ಬರುವುದಿಲ್ಲ, ಪ್ರೊಸೀಜರ್ ಇರುತ್ತದೆ.

ದೊಡ್ಡಮ್ಮ: (ಮಾವನಿಗೆ) ಅದಿರಲಿ. ಮುಂದಿನ ವಾರ ಸತ್ಯನಾರಾಯಣ ಪೂಜೆ ಇದೆ, ತೆಂಗಿನಕಾಯಿ ತರುತ್ತೀಯಲ್ಲ?

ಮಾವ: ಯಾವ ತೋಟದ್ದು ಬೇಕಕ್ಕ? ನಾಲೆ ಕೆಳಗಿನದಾ, ಬೋರ್ ಹತ್ತಿರದ್ದಾ?

ದೊಡ್ಡಮ್ಮ: ಎರಡೂ ಒಂದೇ ನೀರು ಅಂತ ಈಗ ತಾನೇ ಬರೆದೆಯಲ್ಲೋ. 50 ತಾ. ಸಿಪ್ಪೆ ಸುಲಿಸಿಕೊಂಡು ಬಾ, ಇಲ್ಲಿ ಸುಲಿಯುವವರು ಸಿಗುವುದಿಲ್ಲ.