ಸಹಾಯ ಬೇಕು: ದಕ್ಷಿಣ ಆಫ್ರಿಕಾದ ನಟಾಲ್‌ಗೆ ಹೋದ ಕರಾರು ಕೂಲಿಯ ಊರು ಹುಡುಕುವುದು ಹೇಗೆ?

ಎಲ್ಲರಿಗೂ ನಮಸ್ಕಾರ. ಡರ್ಬನ್‌ನಲ್ಲಿರುವ ಗೆಳೆಯರೊಬ್ಬರ ಮುತ್ತಜ್ಜ ಮದ್ರಾಸಿನಲ್ಲಿ ಹಡಗು ಹತ್ತಿ, ನಟಾಲಿನ ಕಬ್ಬಿನ ತೋಟಕ್ಕೆ ಐದು ವರ್ಷದ ಕರಾರಿನ ಮೇಲೆ ಹೋದವರು. 1860ರಲ್ಲಿ ಟ್ರೂರೋ ಹಡಗಿನಿಂದ ಶುರುವಾಗಿ 1911ರವರೆಗೆ ಒಂದೂವರೆ ಲಕ್ಷಕ್ಕೂ ಜಾಸ್ತಿ ಜನ ಹೀಗೆ ಹೋದರು.

ಹಡಗಿನ ಪಟ್ಟಿಯಲ್ಲಿ ಅವರ ಸಾಲು ಸಿಕ್ಕಿದೆ. ನಂಬರ್, ತಂದೆಯ ಹೆಸರು, ವಯಸ್ಸು, ಜಾತಿ, ಎತ್ತರ ಎಲ್ಲಾ ಇದೆ. ಎಡ ಮೊಣಕಾಲಿನ ಮೇಲೆ ಗಾಯದ ಕಲೆ ಅಂತಲೂ ಬರೆದಿದ್ದಾರೆ. ಓಡಿಹೋದರೆ ಹಿಡಿಯೋಕೆ ಇರಬೇಕು, ಅಲ್ವಾ? ಆದರೆ ಊರಿನ ಜಾಗ ಮಾತ್ರ ಖಾಲಿ. ಜಿಲ್ಲೆ ಉತ್ತರ ಆರ್ಕಾಟು, ಅಷ್ಟೇ.

ಚೆನ್ನೈ ಎಗ್ಮೋರಿನ ತಮಿಳುನಾಡು ಪತ್ರಾಗಾರದಲ್ಲಿ ಆ ಕಾಲದ ವಲಸೆ ಕಡತಗಳನ್ನು ಯಾರಾದರೂ ನೋಡಿದ್ದೀರಾ? ಸುಮ್ನೆ ಹೋದರೆ ಒಳಗೆ ಬಿಡ್ತಾರಾ, ಇಲ್ಲಾ ಯಾರದಾದರೂ ಪತ್ರ ಬೇಕಾ? ಹಡಗಿನ ಹೆಸರು, ವರ್ಷ ನನ್ನ ಹತ್ತಿರ ಇದೆ. ಗೊತ್ತಿರುವವರು ದಯವಿಟ್ಟು ಹೇಳಿ.